ಜೋಳದ ರೊಟ್ಟಿ, ಕಳಲೆ ಪಲ್ಯ

ನಿಮ್ಮ ಕಡೆ ಊಟಕ್ಕೆ ಅಕ್ಕಿಯಾ, ಜೋಳವಾ ಎಂದು ಕೇಳಿದ್ದೀರಿ. ಸೊರಬ ತಾಲ್ಲೂಕಿನ ಉತ್ತರದ ಅಂಚಿನಲ್ಲಿರುವ ನಮಗೆ ಇದಕ್ಕೆ ಒಂದೇ ಮಾತಲ್ಲಿ ಉತ್ತರ ಹೇಳೋದು ಕಷ್ಟ. ಜಿಲ್ಲೆ ಶಿವಮೊಗ್ಗ. ಆನವಟ್ಟಿಯಿಂದ ಮುಂದೆ ಹೋದರೆ ಹಾನಗಲ್, ಅಂದರೆ ಹಾವೇರಿ ಜಿಲ್ಲೆ. ಹಿಂದಕ್ಕೆ ಬಂದರೆ ಸಾಗರ, ಅಡಿಕೆ ತೋಟ, ಮಳೆ. ಆಗುಂಬೆಯಲ್ಲಿ ವರ್ಷಕ್ಕೆ 7,000 ಮಿಲಿಮೀಟರ್‌ಗಿಂತ ಜಾಸ್ತಿ ಮಳೆ ಸುರಿಯುತ್ತದೆ. ಹಾವೇರಿ ಕಡೆ ಅದರ ಕಾಲು ಭಾಗವೂ ಇಲ್ಲ. ನಾವು ನಡುವೆ, ಅರೆಮಲೆನಾಡಿನವರು. ಇಕ್ಕೇರಿ ಹತ್ತಿರದ ವರದಾಮೂಲದಲ್ಲಿ ಹುಟ್ಟುವ ವರದಾ ನದಿ ನಮ್ಮ ತಾಲ್ಲೂಕು ಹಾದು, ಬನವಾಸಿ ಬಳಸಿ, ಗಳಗನಾಥದಲ್ಲಿ ತುಂಗಭದ್ರೆಗೆ ಸೇರುತ್ತದೆ. ಈ ನದಿಯ ಮೇಲಿನ ಊರಿಂದಲೂ ಕೆಳಗಿನ ಊರಿಂದಲೂ ನಮ್ಮಲ್ಲಿಗೆ ಸೊಸೆಯರು ಬಂದಿದ್ದಾರೆ. ಅವರ ಜೊತೆಗೆ ಅಡುಗೆಯೂ ಬಂತು.

ಅದಕ್ಕೇ ಮಳೆಗಾಲದಲ್ಲಿ ನಮ್ಮ ಮನೆಯಲ್ಲಿ ಜೋಳದ ರೊಟ್ಟಿಗೆ ಕಳಲೆ ಪಲ್ಯ. ಪೇಟೆಯ ಹೋಟೆಲಿನವರು ಇದನ್ನು ಫ್ಯೂಷನ್ ಎಂದು ಬೋರ್ಡ್ ಹಾಕಿಯಾರು. ನಮಗೆ ಸುಮ್ನೆ ಮಧ್ಯಾಹ್ನದ ಊಟ.

ಕಳಲೆ ಎಂದರೆ ಎಳೆ ಬಿದಿರು. ಮಳೆ ಹಿಡಿದ ಮೇಲೆ ಬಿದಿರು ಮೆಳೆಯ ಬುಡದಲ್ಲಿ ಏಳುತ್ತದೆ. ಬೇಲಿ ಸಾಲಿನಲ್ಲಿ ಬಿದಿರು ಇದ್ದವರಿಗೆ ಮನೆಯಲ್ಲೇ ಸಿಗುತ್ತದೆ, ಇಲ್ಲದವರು ಸಂತೆಯಲ್ಲಿ ಕೊಳ್ಳುತ್ತಾರೆ. ಹೊರಗಿನ ಸಿಪ್ಪೆಯ ಮೇಲೆ ಸಣ್ಣ ಸುಂಕು ಇರುತ್ತದೆ, ಕೈಗೆ ತಾಗಿದರೆ ತುರಿಕೆ. ಸಿಪ್ಪೆ ಪದರ ಪದರವಾಗಿ ಬಿಡಿಸುತ್ತಾ ಹೋದರೆ ಒಳಗೆ ಬೆಳ್ಳಗಿನ ತಿರುಳು. ಚಾಕು ಸಲೀಸಾಗಿ ಇಳಿಯುವಷ್ಟು ಭಾಗ ಮಾತ್ರ ಅಡುಗೆಗೆ. ಚಾಕು ತಡೆಯಿತೋ, ಅಲ್ಲಿಂದ ಕೆಳಗಿನದು ನಾರು, ಬಿಸಾಕಿ.

ಹೆಚ್ಚಿದ ಕಳಲೆಯನ್ನು 3 ದಿನ ನೀರಿನಲ್ಲಿ ಇಡಬೇಕು, ದಿನಾ ನೀರು ಬದಲಿಸಬೇಕು. ಇದು ಬರೀ ಕಹಿ ಹೋಗಲಿ ಅಂತ ಮಾಡುವ ಕೆಲಸವಲ್ಲ. ಹಸಿ ಕಳಲೆಯಲ್ಲಿ ಸಯನೈಡ್ ಬಿಡುವ ಅಂಶ ಇದೆ. ನೆನೆಸಿ, ಕುದಿಸಿ, ಆ ನೀರು ಚೆಲ್ಲಿದರೆ ಅದು ಬಹುಪಾಲು ಹೋಗುತ್ತದೆ. ಅರ್ಜೆಂಟ್ ಇರುವವರು ದಯವಿಟ್ಟು ಬದನೆಕಾಯಿ ಮಾಡಿಕೊಳ್ಳಿ. ಮೂರನೇ ದಿನ ಪಾತ್ರೆಯ ಮುಚ್ಚಳ ತೆಗೆದರೆ ಒಂದು ಹುಳಿವಾಸನೆ ಬರುತ್ತದೆ. ಹೊಸಬರು ಮೂಗು ಮುಚ್ಚುತ್ತಾರೆ. ನಮಗೆ ಅದೇ ವಾಸನೆಗೆ ಹಸಿವಾಗುತ್ತದೆ.

ಇಲ್ಲಿಯವರೆಗೆ ಎಲ್ಲವೂ ಮಲೆನಾಡು. ಮುಂದಿನದಕ್ಕೇ ಅಡುಗೆಮನೆಯಲ್ಲಿ ಜಗಳ. ಅಮ್ಮ ಸಾಗರದ ಕಡೆಯವರು, ಕಾಯಿ ರುಬ್ಬಿ ಹಾಕದಿದ್ದರೆ ಅವರಿಗೆ ಪಲ್ಯವೇ ಅಲ್ಲ. ಅತ್ತಿಗೆ ಹಾವೇರಿಯವರು. "ಕಾಯಿ ಹಾಕಿದ್ರ ಪಲ್ಯ ಸಿಹಿ ಆಗ್ತೈತ್ರಿ ಅತ್ತಿ, ರೊಟ್ಟಿಗೆ ಹೊಂದಂಗಿಲ್ಲ" ಅಂತಾರೆ. ನನ್ನ ಓಟು ಅತ್ತಿಗೆಗೆ. ಕಾಯಿ ಅನ್ನಕ್ಕೆ ಸರಿ. ಜೋಳದ ರೊಟ್ಟಿಗೆ ಗುರೆಳ್ಳು ಪುಡಿಯೇ ಬೇಕು.

ಗುರೆಳ್ಳು ಅಂದರೆ ಹುಚ್ಚೆಳ್ಳು. ಸಣ್ಣ ಉರಿಯಲ್ಲಿ ಚಟಪಟ ಅನ್ನುವವರೆಗೆ ಹುರಿದು, ಬ್ಯಾಡಗಿ ಮೆಣಸಿನಕಾಯಿ, ಬೆಳ್ಳುಳ್ಳಿ, ಜೀರಿಗೆ, ಉಪ್ಪು ಸೇರಿಸಿ ತರಿತರಿಯಾಗಿ ಕುಟ್ಟಿ. ಜಾಸ್ತಿ ಹುರಿದರೆ ಕಹಿ. 2 ಲೋಟ ಕಳಲೆಗೆ ಅರ್ಧ ಲೋಟ ಮೊಳಕೆ ಹೆಸರುಕಾಳು ಸಾಕು. ಕಳಲೆಯನ್ನು ಅರಿಶಿನ ಹಾಕಿ ಕಾಲು ಗಂಟೆಯಾದರೂ ಕುದಿಸಿ, ನೀರು ಬಸಿಯಿರಿ. ಹೆಸರುಕಾಳು ಬೇರೆ ಬೇಯಲಿ, ಮುದ್ದೆ ಆಗಬಾರದು. 2 ಚಮಚ ಎಣ್ಣೆಯಲ್ಲಿ ಸಾಸಿವೆ, ಕರಿಬೇವು, ಈರುಳ್ಳಿ ಒಗ್ಗರಣೆ ಮಾಡಿ ಎರಡನ್ನೂ ಹಾಕಿ. ಹುಳಿಗೆ ಹುಣಸೆ ಬೇಡ, ಒಣಗಿಸಿದ ವಾಟೆಹುಳಿಯ ಎರಡು ಚೂರು ನೆನೆಸಿ ಹಿಂಡಿ. ಇದೊಂದರಲ್ಲಿ ಅಮ್ಮನೇ ಗೆದ್ದಿದ್ದಾರೆ. ಒಲೆ ಆರಿಸುವ ಮುಂಚೆ 3 ಚಮಚ ಗುರೆಳ್ಳು ಪುಡಿ. ಮೊದಲೇ ಹಾಕಿದರೆ ಘಮ ಹೋಗುತ್ತದೆ.

ರೊಟ್ಟಿ ಬಗ್ಗೆ ಒಂದೇ ಮಾತು. ಜೋಳದ ಹಿಟ್ಟಿಗೆ ಗೋಧಿಯ ಅಂಟು ಇಲ್ಲ. ಕುದಿಯುವ ಎಸರು ಹೊಯ್ದು ಚೆನ್ನಾಗಿ ನಾದಿದರೆ ಮಾತ್ರ ಬಡಿಯುವಾಗ ಅಂಚು ಸೀಳುವುದಿಲ್ಲ. ಹೆಂಚಿಗೆ ಹಾಕಿದ ಕೂಡಲೇ ಮೇಲೆ ಒದ್ದೆ ಬಟ್ಟೆ ಆಡಿಸಿ, ನೀರು ಆರುತ್ತಿದ್ದ ಹಾಗೆ ಮಗುಚಿ.

ಆರೋಗ್ಯಕ್ಕೆ ಒಳ್ಳೆಯದಾ ಎಂದೂ ಕೇಳಿದ್ದೀರಿ ಅಲ್ವಾ? ಕಳಲೆಯಲ್ಲಿ ನಾರು ಜಾಸ್ತಿ, ಕೊಬ್ಬು ಇಲ್ಲವೆನ್ನುವಷ್ಟು ಕಡಿಮೆ. ಜೋಳದ ಪ್ರೋಟೀನಿನಲ್ಲಿ ಲೈಸಿನ್ ಎಂಬ, ದೇಹಕ್ಕೆ ಊಟದಿಂದಲೇ ಸಿಗಬೇಕಾದ ಅಮೈನೋ ಆಮ್ಲ ಕಡಿಮೆ, ಹೆಸರುಕಾಳು ಆ ಕೊರತೆ ತುಂಬುತ್ತದೆ. ಹೊಟ್ಟೆ ತುಂಬಾ ಹೊತ್ತು ತುಂಬಿದ ಹಾಗೆಯೇ ಇರುತ್ತದೆ, ಗದ್ದೆ ಕೆಲಸಕ್ಕೆ ಹೋಗುವವರು ಇದನ್ನು ಬಿಡದಿರುವುದಕ್ಕೆ ಅದೇ ಕಾರಣ. ಆದರೆ ರುಚಿಯಿಲ್ಲದಿದ್ದರೆ ಲೈಸಿನ್ ಕಟ್ಟಿಕೊಂಡು ಯಾರಿಗೇನು!

ಮಳೆಗಾಲದಲ್ಲಿ ಬರಲು ಆಗದಿದ್ದರೂ ಪರವಾಗಿಲ್ಲ. ನೆನೆಸಿದ ಕಳಲೆಯನ್ನು ಉಪ್ಪುನೀರಿನ ಭರಣಿಯಲ್ಲಿ ಹಾಕಿಡುತ್ತೇವೆ, ತಿಂಗಳುಗಟ್ಟಲೆ ಇರುತ್ತದೆ. ಬೇಸಿಗೆಯಲ್ಲಿ ಬಂದರೂ ಒಂದು ಡಬ್ಬಿ ಕೊಡಬಹುದು, ಜೊತೆಗೆ ಒಂದಿಷ್ಟು ಕಡಕ್ ರೊಟ್ಟಿ. ಮಾಡುವ ಹಿಂದಿನ ರಾತ್ರಿ ನೀರಿಗೆ ಹಾಕಿ ಉಪ್ಪು ಬಿಡಿಸಿಕೊಳ್ಳಿ, ಪಲ್ಯಕ್ಕೆ ಬೇರೆ ಉಪ್ಪು ಹಾಕುವ ಮೊದಲು ಒಂದು ಚೂರು ಬಾಯಿಗೆ ಹಾಕಿ ನೋಡಿ.