ಕಿಟಕಿ ಒಡೆದು ಓಡಿದ ಏಳು ಅಣ್ಣತಮ್ಮಂದಿರು

ಶಿವಮೊಗ್ಗದಿಂದ ಓದುಗರೊಬ್ಬರ ಪತ್ರ ಬಂದಿದೆ. ಅದರ ಸಾರ ಇಷ್ಟು: "ಫಿನ್ಲೆಂಡಿನ ಜನ ಯಾಕೆ ಅಷ್ಟೊಂದು ಓದುತ್ತಾರೆ ಎಂಬುದಕ್ಕೆ ಕಳೆದ ಸಂಚಿಕೆಯಲ್ಲಿ ನೀವು 'ಅಲ್ಲಿ ಚಳಿ ಜಾಸ್ತಿ' ಅಂತ ಒಂದೇ ಸಾಲಲ್ಲಿ ಮುಗಿಸಿದ್ದೀರಿ. ಚಳಿ ಇರುವ ಕಡೆಯೆಲ್ಲ ಓದ್ತಾರಾ? ನಮಗೆ ಕವಿರಾಜಮಾರ್ಗದ ಕಾಲದಿಂದ ಸಾಹಿತ್ಯ ಇದೆ, ಅವರಿಗೆ ಏನಿತ್ತು? ಇನ್ನೊಂದು ಮಾತು. ನನ್ನ ಮಗನಿಗೆ ಹತ್ತು ವರ್ಷ. ಪುಸ್ತಕ ಕಂಡರೆ ಓಡುತ್ತಾನೆ. ಆ ಜನರ ಹತ್ತಿರ ಏನಾದರೂ ಮದ್ದಿದ್ದರೆ ತಿಳಿಸಿ."

ನಮಸ್ಕಾರ.

ತಪ್ಪು ನನ್ನದೇ. ಪುಟ ಕಳಿಸುವ ಗಡಿಬಿಡಿಯಲ್ಲಿ ಎಲ್ಲವನ್ನೂ ಚಳಿಯ ತಲೆಗೆ ಕಟ್ಟಿಬಿಟ್ಟೆ. ಈಗ ಸ್ವಲ್ಪ ನಿಧಾನವಾಗಿ ಬರೆಯುತ್ತೇನೆ.

ಅವರಿಗೆ ಏನಿತ್ತು ಅಂತ ಕೇಳಿದ್ದೀರಿ. ಬರೆದಿಟ್ಟ ಸಾಹಿತ್ಯ ಅಂತ ಹೇಳಿಕೊಳ್ಳುವಂಥದ್ದು ಏನೂ ಇರಲಿಲ್ಲ. ನಮ್ಮಲ್ಲಿ ಸಾಹಿತ್ಯ ಮೊದಲು ಬಂತು, ಊರಿಗೆ ಊರೇ ಓದಲು ಕಲಿತದ್ದು ಎಷ್ಟೋ ಕಾಲದ ಮೇಲೆ. ಅವರದ್ದು ಉಲ್ಟಾ. ಮೊದಲು ಓದುಗರು ತಯಾರಾದರು. ಅವರು ಓದುವಂಥ ಕಥೆ ಕಾದಂಬರಿ ಬರೋ ಹೊತ್ತಿಗೆ ಇನ್ನೂರು ವರ್ಷದ ಹತ್ತಿರ ಆಗಿತ್ತು.

ಫಿನ್ನಿಶ್ ಭಾಷೆಯಲ್ಲಿ ಅಚ್ಚಾದ ಮೊದಲ ಪುಸ್ತಕ 1543ರದ್ದು. ಕಾವ್ಯವಲ್ಲ, ಪುರಾಣವಲ್ಲ, ಅಕ್ಷರ ಕಲಿಸುವ ಪುಟ್ಟ ಪುಸ್ತಕ. ಬರೆದವರು ಮಿಕಾಯೆಲ್ ಅಗ್ರಿಕೊಲಾ, ಜರ್ಮನಿಯ ವಿಟೆನ್‌ಬರ್ಗ್‌ನಲ್ಲಿ ಚರ್ಚ್ ಸುಧಾರಣೆಯ ನಾಯಕ ಲೂಥರನ ಪಾಠ ಕೇಳಿ ಬಂದವರು. ಆ ಪುಸ್ತಕದ ಪೂರ್ತಿ ಪ್ರತಿ ಇವತ್ತು ಒಂದೂ ಉಳಿದಿಲ್ಲ, ಬಿಡಿ ಹಾಳೆಗಳಷ್ಟೇ ಸಿಕ್ಕಿವೆ. 1548ರಲ್ಲಿ ಅವರೇ ಬೈಬಲಿನ ಹೊಸ ಒಡಂಬಡಿಕೆಯನ್ನು ಫಿನ್ನಿಶ್‌ಗೆ ತಂದರು. ಅದಾದ ಮೇಲೂ ಬಹಳ ಕಾಲ ಬೈಬಲ್, ಕೀರ್ತನೆ, ಪಂಚಾಂಗ, ಇಂಥವೇ. ಆಳುತ್ತಿದ್ದದ್ದು ಸ್ವೀಡನ್. ಕಚೇರಿ, ಕೋರ್ಟು, ಓದಿದವರ ಮನೆಮಾತು ಎಲ್ಲ ಸ್ವೀಡಿಶ್. ಫಿನ್ನಿಶ್ ಅಂದರೆ ಹೊಲದವರ, ಅಡುಗೆಮನೆಯವರ ಮಾತು.

ಆದರೆ ಓದು ಮಾತ್ರ ಹೊಲದವರನ್ನೂ ಬಿಡಲಿಲ್ಲ. 1686ರಲ್ಲಿ ಚರ್ಚ್ ಕಾನೂನು ಬಂತು. ಧರ್ಮಪಾಠ ಗೊತ್ತಿರಬೇಕು, ಓದು ಬರಬೇಕು. ಇಲ್ಲದಿದ್ದರೆ ಚರ್ಚಿನಲ್ಲಿ ಪ್ರಸಾದ ಇಲ್ಲ. ಪ್ರಸಾದ ತೆಗೆದುಕೊಳ್ಳದವರಿಗೆ ಮದುವೆ ಇಲ್ಲ. ನೋಡಿ, ಹೇಗೆ ಹಿಡಿದರು ಅಂತ! ಹುಡುಗ ಹುಡುಗಿ ಒಪ್ಪಿದರೂ, ಹಿರಿಯರು ಒಪ್ಪಿದರೂ, ಅಕ್ಷರ ಒಪ್ಪಬೇಕಿತ್ತು.

ಇದನ್ನು ಪರೀಕ್ಷೆ ಮಾಡೋಕೆ 'ಕಿಂಕೆರಿ' ಅಂತ ಒಂದು ಕೂಟ ನಡೆಯುತ್ತಿತ್ತು. ಪಾದ್ರಿ ಹಳ್ಳಿಯ ಯಾರದೋ ಮನೆಗೆ ಬರುತ್ತಿದ್ದರು. ಸುತ್ತಲಿನವರೆಲ್ಲ ಅಲ್ಲಿ ಸೇರಬೇಕು, ಯಜಮಾನನಿಂದ ಹಿಡಿದು ಆಳುಮಗಳವರೆಗೆ. ಒಬ್ಬೊಬ್ಬರನ್ನೇ ಕರೆದು ಪುಸ್ತಕ ಕೈಗೆ ಕೊಟ್ಟು ಓದಿಸುವುದು. ಚೆನ್ನಾಗಿ ಓದಿದವರಿಗೆ, ತಡವರಿಸಿದವರಿಗೆ, ಏನೂ ಬರದವರಿಗೆ ಬೇರೆ ಬೇರೆ ಗುರುತು. ಎಲ್ಲ ಚರ್ಚಿನ ದಪ್ಪ ದಫ್ತರದಲ್ಲಿ ದಾಖಲು. ಪರೀಕ್ಷೆ ಮುಗಿದ ಮೇಲೆ ಊಟ. ಅಜ್ಜಂದಿರು ಮೊಮ್ಮಕ್ಕಳ ಮುಂದೆ ತಡವರಿಸಿದರೆ ಹೇಗಿರುತ್ತೆ? ಆ ಮರ್ಯಾದೆ ಪ್ರಶ್ನೆಯೇ ಅರ್ಧ ಕೆಲಸ ಮಾಡಿತು ಅಂತ ನನ್ನ ಅಂದಾಜು. ಮನೆಮನೆಯಲ್ಲಿ ತಾಯಂದಿರೇ ಮೇಷ್ಟರಾದರು. ಹಾಗಂತ ಬರೆಯಲು ಯಾರೂ ಕಲಿಸಲಿಲ್ಲ. ಸುಮ್ನೆ ಓದು, ಅಷ್ಟೇ. ಬೈಬಲ್ ಸರಾಗವಾಗಿ ಓದುವ ರೈತನಿಗೆ ತನ್ನ ಹೆಸರು ಬರೆಯಲು ಬಾರದಿರುವುದು ಮಾಮೂಲಿಯಾಗಿತ್ತು. ಕಡ್ಡಾಯ ಶಾಲೆ ಬಂದದ್ದು 1921ರಲ್ಲಿ. ಅಷ್ಟು ಹೊತ್ತಿಗೆ ದೇಶ ಹೆಚ್ಚುಕಡಿಮೆ ಓದಲು ಕಲಿತು ಮುಗಿಸಿತ್ತು.

ಭಾಷೆಯೂ ಸಹಾಯ ಮಾಡಿತು. ನಮ್ಮ ಹಾಗೆ ಅವರದ್ದೂ ಬರೆದಂತೆ ಓದುವ ಭಾಷೆ. 'ತುಲಿ' ಅಂದರೆ ಬೆಂಕಿ, 'ತೂಲಿ' ಅಂದರೆ ಗಾಳಿ, 'ತುಲ್ಲಿ' ಅಂದರೆ ಸುಂಕ. ನಮ್ಮ ಮಲೆ, ಮಾಲೆ, ಮಲ್ಲೆ ಇದ್ದ ಹಾಗೆ. ಸ್ವರ ಎಳೆದರೆ ಒಂದು, ಒತ್ತು ಕೊಟ್ಟರೆ ಇನ್ನೊಂದು. ಅಕ್ಷರ ಗೊತ್ತಾದರೆ ಸಾಕು, ಕಾಗುಣಿತದ ಕಾಟ ಇಲ್ಲ.

ಇನ್ನು ಸಾಹಿತ್ಯ. 1809ರಲ್ಲಿ ಫಿನ್ಲೆಂಡ್ ಸ್ವೀಡನ್ನಿನ ಕೈತಪ್ಪಿ ರಷ್ಯಾದ ತ್ಸಾರನ ಕೈಗೆ ಹೋಯಿತು. ಆಗ ಓದಿದವರಿಗೆ ನಾವು ಯಾರು ಎಂಬ ಪ್ರಶ್ನೆ ಶುರುವಾಯಿತು. ದರ್ಜಿಯ ಮಗ ಎಲಿಯಾಸ್ ಲೊನ್‌ರೂಟ್ ಉತ್ತರ ಹುಡುಕಿ ನಡೆದುಕೊಂಡೇ ಹೊರಟರು. ಅವರು ಕಯಾನಿ ಎಂಬ ಊರಿನ ಸರ್ಕಾರಿ ಡಾಕ್ಟರು. ರಜೆ ಹಾಕಿ ಗಡಿಯಾಚೆಯ ಕರೇಲಿಯಾದ ಹಳ್ಳಿಗಳಿಗೆ ಹೋಗಿ ಹಾಡು ಬರೆದುಕೊಳ್ಳುತ್ತಿದ್ದರು. 1834ರಲ್ಲಿ ಆರ್ಹಿಪ್ಪ ಪೆರ್ತುನೆನ್ ಎಂಬ ಹಾಡುಗಾರರು ಅವರಿಗೆ ಮೂರು ದಿನ ಹಾಡಿದರು. ತನ್ನ ಅಪ್ಪ ಮೀನು ಹಿಡಿಯಲು ಹೋದಾಗ ಬೆಂಕಿಯ ಪಕ್ಕ ಜೊತೆಗಾರನ ಕೈ ಹಿಡಿದು ಕೂತು ರಾತ್ರಿಯಿಡೀ ಹಾಡುತ್ತಿದ್ದ, ಒಂದೇ ಹಾಡು ಎರಡು ಸಲ ಬರುತ್ತಿರಲಿಲ್ಲ ಅಂತಲೂ ಹೇಳಿದರು. ಇಂಥ ಹಾಡುಗಳನ್ನು ಹೊಲಿದು ಲೊನ್‌ರೂಟ್ 1835ರಲ್ಲಿ 'ಕಲೆವಲ' ಎಂಬ ಮಹಾಕಾವ್ಯ ತಂದರು. ಅಚ್ಚು ಹಾಕಿಸಿದ್ದು 500 ಪ್ರತಿ. 1849ರಲ್ಲಿ ಹಿಗ್ಗಿಸಿದಾಗ ಅದು 22,795 ಸಾಲಾಯಿತು. ಹೊಲಿಗೆ ಲೊನ್‌ರೂಟರದ್ದು, ಬಟ್ಟೆ ಹಳ್ಳಿಯವರದ್ದು. ಎಷ್ಟು ಅವರದು, ಎಷ್ಟು ಇವರದು ಎಂಬ ಜಗಳ ಇನ್ನೂ ಮುಗಿದಿಲ್ಲ.

ಈ ಜಗಳದ ಒಂದು ಕೊನೆ ನಮ್ಮ ಬೆಳ್ತಂಗಡಿಗೂ ಬಂದು ಮುಟ್ಟಿದೆ, ಗೊತ್ತಾ? ಲೌರಿ ಹೊಂಕೊ ಎಂಬ ಫಿನ್ಲೆಂಡಿನ ಜಾನಪದ ವಿದ್ವಾಂಸರಿಗೆ, ಯಾರೂ ಹೊಲಿಯದ ಮಹಾಕಾವ್ಯವೊಂದನ್ನು ಹಾಡುಗಾರನ ಬಾಯಿಂದಲೇ ಪೂರ್ತಿ ಕೇಳಬೇಕಿತ್ತು. 1990ರ ಡಿಸೆಂಬರಿನಲ್ಲಿ ಮಾಚಾರು ಗೋಪಾಲ ನಾಯ್ಕರು ಸಿರಿ ಎಂಬ ಹೆಣ್ಣಿನ ಕಥೆ ಹೇಳುವ ತುಳು ಕಾವ್ಯ 'ಸಿರಿ ಸಂಧಿ'ಯನ್ನು ದಿನಗಟ್ಟಲೆ ಹಾಡಿದರು. 15,683 ಸಾಲು. ನಮ್ಮ ಜಾನಪದ ವಿದ್ವಾಂಸರಾದ ವಿವೇಕ ರೈ, ಚಿನ್ನಪ್ಪ ಗೌಡ ಜೊತೆಗಿದ್ದರು. 1998ರಲ್ಲಿ ಅದು ಹೆಲ್ಸಿಂಕಿಯಲ್ಲಿ ಅಚ್ಚಾಯಿತು. ಅಂದರೆ ಲೊನ್‌ರೂಟರಿಗೆ ಸಿಗದೇ ಹೋದದ್ದು ಹೊಂಕೊ ಅವರಿಗೆ ತುಳುನಾಡಿನಲ್ಲಿ ಸಿಕ್ಕಿತು.

ಮತ್ತೆ ಅಲ್ಲಿಗೆ ಹೋಗೋಣ. 1850ರಲ್ಲಿ ಸರ್ಕಾರ ವಿಚಿತ್ರ ಆದೇಶ ಹೊರಡಿಸಿತು. ಫಿನ್ನಿಶ್‌ನಲ್ಲಿ ಧರ್ಮದ ಪುಸ್ತಕ ಮತ್ತು ಬೇಸಾಯ, ಕಸುಬಿನಂಥ ಉಪಯೋಗದ ಪುಸ್ತಕ ಬಿಟ್ಟು ಬೇರೇನೂ ಅಚ್ಚು ಹಾಕಬಾರದು! ಯುರೋಪಿನಲ್ಲಿ 1848ರ ಕ್ರಾಂತಿಗಳಾದ ಮೇಲೆ ಹುಟ್ಟಿದ ಭಯ ಅದು. ಸ್ವೀಡಿಶ್‌ನಲ್ಲಿ ಕಾದಂಬರಿ ಓದುವವರು ಸಾಹುಕಾರರು, ಪರವಾಗಿಲ್ಲ. ಫಿನ್ನಿಶ್ ಓದುವವರು ಕೂಲಿಯವರು, ಅವರ ಕೈಗೆ ಕಥೆ ಸಿಗಬಾರದು. ಓದುಗರಿದ್ದಾರೆ ಅಂತ ಸರ್ಕಾರಕ್ಕೂ ಗೊತ್ತಿತ್ತು, ಅಲ್ವಾ?

ಆ ಕಟ್ಟು ಸಡಿಲವಾದ ಮೇಲೆ 1870ರಲ್ಲಿ ಬಂತು ಫಿನ್ನಿಶ್ ಭಾಷೆಯ ಮೊದಲ ದೊಡ್ಡ ಕಾದಂಬರಿ, 'ಏಳು ಸಹೋದರರು'. ಬರೆದವರು ಅಲೆಕ್ಸಿಸ್ ಕಿವಿ. ನಗಬೇಡಿ, ಆ ಭಾಷೆಯಲ್ಲಿ 'ಕಿವಿ' ಅಂದರೆ ಕಲ್ಲು. ಇವರೂ ದರ್ಜಿಯ ಮಗ. ಕಥೆ ಏನು ಅಂದರೆ, ಯೂಕೊಲ ಎಂಬ ಮನೆಯಲ್ಲಿ ಏಳು ಜನ ಅಣ್ಣತಮ್ಮಂದಿರು. ಕಟ್ಟುಮಸ್ತಾದ ಆಳುಗಳು, ಒಬ್ಬರಿಗೂ ಓದು ಬರಲ್ಲ. ಪಾದ್ರಿ ಕೋಳ ಹಾಕಿಸಿ ಕೂರಿಸುತ್ತೇನೆ ಅಂತ ಹೆದರಿಸುತ್ತಾರೆ. ಕೊನೆಗೆ ಚರ್ಚಿನ ಗುಮಾಸ್ತರ ಮನೆಯಲ್ಲಿ ಅಕ್ಷರಮಾಲೆ ಹಿಡಿದು ಸಣ್ಣ ಮಕ್ಕಳ ಹಾಗೆ ಕೂರುತ್ತಾರೆ. ಎಲ್ಲರಿಗಿಂತ ದೊಡ್ಡವನು ಯೂಹಾನಿ. ಅವನಿಗೇ ತಲೆಗೆ ಹತ್ತಲ್ಲ, ಗುಮಾಸ್ತರು ಕೂದಲು ಹಿಡಿದು ಎಳೆಯುತ್ತಾರೆ. ಎರಡನೇ ದಿನವೇ ಏಳೂ ಜನ ಕಿಟಕಿ ಒಡೆದುಕೊಂಡು ಓಟ! ಆಮೇಲೆ ಊರೇ ಬೇಡ ಅಂತ ಕಾಡು ಸೇರುತ್ತಾರೆ. ಓದಿಗೆ ಹೆಸರಾದ ದೇಶದ ಮೊದಲ ದೊಡ್ಡ ಕಾದಂಬರಿ ಓದಿನಿಂದ ಓಡಿಹೋದವರ ಕಥೆ. ಪಾದ್ರಿಗಳು ಬರೆಸಿಟ್ಟ ಯಾವ ವರದಿಗಿಂತಲೂ ನನಗೆ ಈ ಕಿಟಕಿಯ ಮೇಲೆಯೇ ನಂಬಿಕೆ ಜಾಸ್ತಿ.

ಪಂಡಿತರಿಗೆ ಸಿಟ್ಟು ಬಂತು. ಫಿನ್ನಿಶ್ ಪ್ರೊಫೆಸರ್ ಆಗಿದ್ದ ಔಗುಸ್ಟ್ ಅಲ್ಕ್ವಿಸ್ಟ್, ಈ ಕಾದಂಬರಿ ಸಾಹಿತ್ಯಕ್ಕೇ ಕಳಂಕ ಅಂತ ಬರೆದರು. ನಮ್ಮ ಜನ ಇಷ್ಟು ಒರಟರಲ್ಲ ಎಂಬ ವಾದ. ಕಿವಿಯವರ ಮನಸ್ಸು ಕೆಟ್ಟಿತು, ಬಡತನ ಬೇರೆ. 1872ರ ಕೊನೆಯ ದಿನ ತೀರಿಕೊಂಡರು, 38 ವರ್ಷ. ಕಾದಂಬರಿ ಒಂದೇ ಸಂಪುಟವಾಗಿ ಬಂದದ್ದು ಅದಾದ ಮರುವರ್ಷ. ಈಗ ಅವರು ಹುಟ್ಟಿದ ಅಕ್ಟೋಬರ್ 10 ಫಿನ್ನಿಶ್ ಸಾಹಿತ್ಯದ ದಿನ, ದೇಶದಲ್ಲೆಲ್ಲ ಬಾವುಟ ಹಾರುತ್ತದೆ.

ಮುಂದಿನದು ನಿಮಗೆ ಎಲ್ಲಾದರೂ ಸಿಗುತ್ತದೆ, ಬೇಗ ಹೇಳುತ್ತೇನೆ. 1939ರಲ್ಲಿ ಕಾದಂಬರಿಕಾರ ಸಿಲ್ಲನ್‌ಪೇ ಅವರಿಗೆ ನೊಬೆಲ್. ಮಕ್ಕಳ ಮೂಮಿನ್ ಕಥೆಗಳ ತೂವೆ ಯಾನ್ಸನ್ ಬರೆದದ್ದು ಸ್ವೀಡಿಶ್‌ನಲ್ಲಿ, ಆದರೂ ಅವರ ಮನೆಮಗಳೇ. ನನಗೆ ಹೆಚ್ಚು ಇಷ್ಟವಾಗುವುದು ದುಡಿಮೆಗಾರರಾಗಿದ್ದು ಬರೆದವರ ಸಾಲು. ವೈನೊ ಲಿನ್ನ ಟಾಂಪೆರೆಯ ಬಟ್ಟೆ ಗಿರಣಿಯ ಕೆಲಸಗಾರ. 1954ರಲ್ಲಿ ಬಂದ ಅವರ 'ಅಪರಿಚಿತ ಸೈನಿಕ' ಓದದ ಮನೆ ಕಡಿಮೆ. ಕಲ್ಲೆ ಪೇಟಾಲೊ ಕಟ್ಟಡ ಕೆಲಸದ ಮೇಸ್ತ್ರಿಯಾಗಿದ್ದವರು, ತಮ್ಮ ಬಾಳಿನ ಕಥೆಯನ್ನೇ 26 ಸಂಪುಟ ಬರೆದರು. ಇಪ್ಪತ್ತಾರು! ಓದುವ ರೈತನ ಮೊಮ್ಮಕ್ಕಳು ಬರೆಯಲು ಕೂತಾಗ ಹೀಗೂ ಆಗುತ್ತದೆ.

ಈಗ ಹೆದರಿಸುವವರು ಯಾರೂ ಇಲ್ಲ. ಜನಸಂಖ್ಯೆ ಸುಮಾರು 56 ಲಕ್ಷ. ಊರೂರಿಗೂ ಲೈಬ್ರರಿ ಇರಬೇಕು, ಪುಸ್ತಕ ಪುಕ್ಕಟೆ ಕೊಡಬೇಕು ಅಂತ ಕಾನೂನೇ ಇದೆ. ದೂರದ ಹಳ್ಳಿಗಳಿಗೆ ಲೈಬ್ರರಿ ಬಸ್ಸು ಹೋಗುತ್ತದೆ. 2018ರ ಡಿಸೆಂಬರ್ 5ರಂದು, ಸ್ವಾತಂತ್ರ್ಯ ದಿನದ ಹಿಂದಿನ ದಿನ, ಹೆಲ್ಸಿಂಕಿಯಲ್ಲಿ 'ಓದಿ' ಎಂಬ ಲೈಬ್ರರಿ ತೆರೆಯಿತು. ಆ ಹೆಸರಿಗೆ ಅಲ್ಲಿ ಅರ್ಥ ಬೇರೆ, ಪ್ರಗಾಥ, ಅಂದರೆ ಹೊಗಳಿ ಹಾಡುವ ಕವಿತೆ. ನಾವು ಮಾತ್ರ ಅದನ್ನು ಅಪ್ಪಣೆ ಅಂತಲೇ ಓದಿಕೊಳ್ಳಬೇಕು! ಪಾರ್ಲಿಮೆಂಟಿನ ಎದುರಿಗೇ ಇದೆ. ಮೇಲಿನ ಮಹಡಿಯಲ್ಲಿ ಪುಸ್ತಕ, ನಡುವಿನ ಮಹಡಿಯಲ್ಲಿ ಹೊಲಿಗೆ ಮಷಿನ್ನು. ಇಬ್ಬರು ದರ್ಜಿಗಳ ಮಕ್ಕಳಿಂದ ಬೆಳೆದ ಸಾಹಿತ್ಯಕ್ಕೆ ಅದು ಒಪ್ಪುತ್ತದೆ ಬಿಡಿ.

ಮದ್ದು ಕೇಳಿದ್ದಿರಿ. ಅವರ ಹತ್ತಿರವೂ ಇಲ್ಲ. ದೇಶದೇಶಗಳ ಮಕ್ಕಳ ಕಲಿಕೆಯನ್ನು ಹೋಲಿಸುವ ಪೀಸಾ ಪರೀಕ್ಷೆಯಲ್ಲಿ, 2000ದಲ್ಲಿ, ಹದಿನೈದು ವರ್ಷದ ಮಕ್ಕಳ ಓದಿನಲ್ಲಿ ಫಿನ್ಲೆಂಡ್ 546 ಅಂಕ ತೆಗೆದು ಮೊದಲು ಬಂದಿತ್ತು. 2022ರಲ್ಲಿ ಅದು 490ಕ್ಕೆ ಇಳಿದಿದೆ. ಹುಡುಗಿಯರಿಗಿಂತ ಹುಡುಗರು ಬಹಳ ಹಿಂದೆ. ಅಲ್ಲಿನ ಅಪ್ಪ ಅಮ್ಮಂದಿರೂ ನಿಮ್ಮ ಹಾಗೇ ಫೋನು ಕಿತ್ತುಕೊಂಡು ಕೂತಿದ್ದಾರೆ. 2019ರಲ್ಲಿ ಕೂಸಿಗೆ ತೂಕ ನೋಡುವ ಆಸ್ಪತ್ರೆಗಳಲ್ಲಿ ಪುಸ್ತಕದ ಚೀಲವನ್ನೂ ಕೊಡಲು ಶುರು ಮಾಡಿದರು, ಓದಿ ಹೇಳಿ ಅಂತ.

ಒಂದು ಸಮಾಧಾನ ಹೇಳಬಲ್ಲೆ. ಕಿವಿಯವರ ಕಾದಂಬರಿಯಲ್ಲಿ ಆ ಏಳೂ ಜನ ಕೊನೆಗೆ ಓದು ಕಲಿಯುತ್ತಾರೆ. ಚಿಕ್ಕವನು ಎಯೆರೊ ಪತ್ರಿಕೆಗೆ ಲೇಖನ ಬರೆಯುವವನೂ ಆಗುತ್ತಾನೆ. ನಿಮ್ಮ ಮಗನಿಗೆ ಈಗ ಹತ್ತು. ಯೂಹಾನಿ ಕಿಟಕಿ ಹಾರಿದಾಗ ಅವನಿಗೆ ಇಪ್ಪತ್ತೈದರ ಹತ್ತಿರ.

— ಸಂ.