ಮನೆಯಲ್ಲೇ ಬ್ರೇಕ್ ಆಯಿಲ್ ಬದಲಿಸಿ ಏರ್ ತೆಗೆಯಬಹುದಾ? ಡಾಟ್ 3, 4, 5ರಲ್ಲಿ ಯಾವುದು ಹಾಕಬೇಕು?

ಮಾಡಬಹುದು. ಆದರೆ ಡಾಟ್ 5 ಮಾತ್ರ ಹಾಕಬೇಡಿ.

ನಿಮ್ಮ ಕಾರಿಗೆ ಹತ್ತು ವರ್ಷ ಆಗಿದೆ, ಬ್ರೇಕ್ ಆಯಿಲ್ ಯಾವಾಗ ಬದಲಿಸಿದ್ದು ಅನ್ನೋದೇ ನೆನಪಿಲ್ಲ, ಪೆಡಲ್ ಈಗೀಗ ಸ್ವಲ್ಪ ಮೆತ್ತಗಾಗಿದೆ, ಅಂಗಡಿಯವರು "ನಂಬರ್ ಜಾಸ್ತಿ ಇದ್ದಷ್ಟೂ ಒಳ್ಳೇದು, ಡಾಟ್ 5 ಹಾಕಿ" ಅಂದಿದ್ದಾರೆ. ಇಷ್ಟು ತಾನೇ ನಿಮ್ಮ ಪ್ರಶ್ನೆ? ನಾನು ಮೆಕ್ಯಾನಿಕ್ ಅಲ್ಲ, ದಾವಣಗೆರೆಯ ಬಟ್ಟೆ ಅಂಗಡಿಯೊಂದರಲ್ಲಿ ಲೆಕ್ಕ ಬರೆಯುವವನು. ಆದರೆ ಎಂಟು ವರ್ಷದಿಂದ ನಮ್ಮ ಕಾರಿನ ಬ್ರೇಕ್ ಕೆಲಸ ನಾನೇ ಮಾಡಿಕೊಳ್ತಾ ಇದೀನಿ. ಕಲಿತದ್ದು ಶೋಕಿಗಲ್ಲ, ಹೆದರಿಕೆಗೆ.

ಮನೆಯವರನ್ನೆಲ್ಲ ಕೂರಿಸಿಕೊಂಡು ಶಿವಮೊಗ್ಗ, ತೀರ್ಥಹಳ್ಳಿ ಮೇಲೆ ಉಡುಪಿಗೆ ಹೊರಟಿದ್ದೆ. ಆಗುಂಬೆ ಘಾಟಿಯಲ್ಲಿ ಹದಿನಾಲ್ಕು ಹೇರ್‌ಪಿನ್ ತಿರುವು. ನಾನೋ ಬಯಲುಸೀಮೆಯವನು, ಪಿ.ಬಿ. (ಪುಣೆ-ಬೆಂಗಳೂರು) ರಸ್ತೆಯಲ್ಲಿ ಓಡಿಸಿ ಅಭ್ಯಾಸ. ಇಳಿಜಾರು ಪೂರ್ತಿ ಬ್ರೇಕ್ ಮೇಲೆ ಕಾಲಿಟ್ಟುಕೊಂಡೇ ಇಳಿದೆ. ಅರ್ಧಕ್ಕಿಂತ ಕೆಳಗೆ ಬಂದಿರಬೇಕು, ಒಂದು ತಿರುವಿನಲ್ಲಿ ಪೆಡಲ್ ಒತ್ತಿದರೆ ಹತ್ತಿ ದಿಂಬಿನ ಮೇಲೆ ಕಾಲಿಟ್ಟ ಹಾಗಾಯ್ತು. ಕಾಲು ಕೆಳಗೆ ಹೋಗುತ್ತೆ, ಕಾರು ಮಾತ್ರ ನಿಲ್ಲಲ್ಲ. ಒಂದನೇ ಗೇರಿಗೆ ಎಳೆದು, ಹ್ಯಾಂಡ್‌ಬ್ರೇಕ್ ಸ್ವಲ್ಪ ಸ್ವಲ್ಪವಾಗಿ ಎತ್ತಿ, ಗುಡ್ಡದ ಕಡೆಯ ಚರಂಡಿ ಪಕ್ಕ ಹೇಗೋ ನಿಲ್ಲಿಸಿದೆ. ಹ್ಯಾಂಡ್‌ಬ್ರೇಕ್ ಕೆಲಸ ಮಾಡಿದ್ದು ಅದಕ್ಕೆ ಆಯಿಲ್ ಬೇಕಿಲ್ಲದ ಕಾರಣಕ್ಕೆ, ನಮ್ಮ ಕಾರಿನಲ್ಲಿ ಅದು ಬರೀ ತಂತಿ ಕೇಬಲ್. ಮುಕ್ಕಾಲು ಗಂಟೆ ಕೂತೆವು. ಆಮೇಲೆ ಒತ್ತಿದರೆ ಪೆಡಲ್ ಏನೂ ಆಗಿಲ್ಲದ ಹಾಗೆ ಗಟ್ಟಿಯಾಗಿತ್ತು! ಊರಿಗೆ ಬಂದು ಗ್ಯಾರೇಜಿನಲ್ಲಿ ತೋರಿಸಿದರೆ "ಬ್ರೇಕ್ ಚೆನ್ನಾಗೇ ಇದೆಯಲ್ಲ ಸಾರ್" ಅಂದರು. ಅವರು ಹೇಳಿದ್ದು ಸುಳ್ಳಲ್ಲ. ತಣ್ಣಗಿದ್ದಾಗ ಅದು ಚೆನ್ನಾಗೇ ಇತ್ತು.

ಆಗಿದ್ದು ಇಷ್ಟು. ಬ್ರೇಕ್ ಆಯಿಲ್ ಅಂತ ಕರೆದರೂ ಅದು ಎಣ್ಣೆಯಲ್ಲ, ಗ್ಲೈಕಾಲ್ ಜಾತಿಯ ದ್ರವ. ಗಾಳಿಯ ತೇವವನ್ನು ಎಳೆದುಕೊಳ್ಳೋದು ಅದರ ಗುಣ. ಮಂಡಕ್ಕಿ ಡಬ್ಬಿಯ ಮುಚ್ಚಳ ಸಡಿಲ ಇಟ್ಟರೆ ಸಂಜೆ ಹೊತ್ತಿಗೆ ಮೆತ್ತಗಾಗುತ್ತಲ್ಲ, ಹಾಗೆ. ರಿಸರ್ವಾಯರ್ (ಬಾನೆಟ್ ಕೆಳಗೆ ಬ್ರೇಕ್ ಆಯಿಲ್ ತುಂಬುವ ಡಬ್ಬಿ) ಮುಚ್ಚಳದ ಸಣ್ಣ ಕಿಂಡಿಯಿಂದ, ಚಕ್ರದ ಹತ್ತಿರದ ರಬ್ಬರ್ ಹೋಸಿನ ಮೂಲಕ ವರ್ಷಗಟ್ಟಲೆ ತೇವ ಸೇರುತ್ತೆ. ಹೊಸ ಡಾಟ್ 3 ಕುದಿಯೋಕೆ ಕನಿಷ್ಠ 205 ಡಿಗ್ರಿ ಬೇಕು. ಅದರಲ್ಲಿ ನೂರಕ್ಕೆ 3.7ರಷ್ಟು ನೀರು ಸೇರಿದ ಮೇಲೆ 140ಕ್ಕೆ ಕುದಿಯಬಹುದು. ಘಾಟಿ ಇಳಿಯುವಾಗ ಕ್ಯಾಲಿಪರ್ (ಚಕ್ರದ ಡಿಸ್ಕನ್ನು ಪ್ಯಾಡಿನಿಂದ ಹಿಡಿಯುವ ಭಾಗ) ಅಷ್ಟು ಬಿಸಿಯಾಗೋದು ದೊಡ್ಡ ವಿಷಯವಲ್ಲ. ಕುದಿದರೆ ಆವಿ. ದ್ರವ ಒತ್ತಿದರೆ ಕುಗ್ಗಲ್ಲ, ಆವಿ ಕುಗ್ಗುತ್ತೆ. ನಿಮ್ಮ ಕಾಲಿನ ಬಲವೆಲ್ಲ ಆವಿಯ ಗುಳ್ಳೆ ಒತ್ತೋದರಲ್ಲೇ ಮುಗಿದು, ಪ್ಯಾಡಿಗೆ ತಲುಪೋದಿಲ್ಲ. ತಣ್ಣಗಾದರೆ ಆವಿ ಮತ್ತೆ ದ್ರವವಾಗುತ್ತೆ, ಗುಟ್ಟು ಒಳಗೇ ಉಳಿಯುತ್ತೆ.

ಈಗ ಡಾಟ್ ನಂಬರ್. ಅದು ಅಮೆರಿಕದ ಸಾರಿಗೆ ಇಲಾಖೆಯ ಇಂಗ್ಲಿಷ್ ಹೆಸರಿನ ಮೊದಲಕ್ಷರಗಳು, ಅವರು ಹಾಕಿದ ದರ್ಜೆ. ಡಾಟ್ 4ಕ್ಕೆ ಹೊಸದಿದ್ದಾಗ ಕನಿಷ್ಠ 230, ನೀರು ಸೇರಿದಾಗ 155. ಡಾಟ್ 5.1ಕ್ಕೆ 260 ಮತ್ತು 180. ಈ ಮೂರೂ ಗ್ಲೈಕಾಲ್ ಮನೆತನದವು, ಒಂದರ ಜೊತೆ ಒಂದು ಬೆರೆಯುತ್ತವೆ. ಡಾಟ್ 5 ಬೇರೆಯೇ ಕುಲ, ಅದು ಸಿಲಿಕೋನ್. ಗ್ಲೈಕಾಲ್ ಜೊತೆ ಬೆರೆಯೋದಿಲ್ಲ, ನೀರನ್ನೂ ಹೀರೋದಿಲ್ಲ. ನೀರು ಹೀರದಿದ್ದರೆ ಒಳ್ಳೇದೇ ಅಲ್ವಾ ಅನ್ನಿಸಬಹುದು. ಒಳಗೆ ಬಂದ ನೀರು ಕರಗದೆ ತಗ್ಗಿನಲ್ಲಿ ಹನಿಯಾಗಿ ಕೂತು ಅಲ್ಲೇ ತುಕ್ಕು ಹಿಡಿಸುತ್ತೆ. ಎಬಿಎಸ್ (ಜೋರಾಗಿ ಬ್ರೇಕ್ ಹಿಡಿದಾಗ ಚಕ್ರ ಕಚ್ಚಿಕೊಳ್ಳದ ಹಾಗೆ ನೋಡಿಕೊಳ್ಳುವ ವ್ಯವಸ್ಥೆ) ಇರುವ ಕಾರಿನಲ್ಲಂತೂ ಸಣ್ಣ ಸಣ್ಣ ಗುಳ್ಳೆ ಹಿಡಿದುಕೊಂಡು ಕಾಟ ಕೊಡುತ್ತೆ. 5 ಮತ್ತು 5.1 ನಡುವಿನ ಆ ಚುಕ್ಕಿ ನೋಡದೆ ಎಷ್ಟೋ ಜನ ಮೋಸ ಹೋಗ್ತಾರೆ. ನಿಮ್ಮ ಅಂಗಡಿಯವರು ಮನಸ್ಸಲ್ಲಿ 5.1 ಇಟ್ಟುಕೊಂಡು ಬಾಯಲ್ಲಿ 5 ಅಂದಿರಲೂಬಹುದು.

ಹಾಗಾದರೆ ಯಾವುದು ತಗೋಬೇಕು? ಬಾನೆಟ್ ಎತ್ತಿ, ರಿಸರ್ವಾಯರ್ ಮುಚ್ಚಳದ ಮೇಲೆ ಅಚ್ಚಾಗಿರೋದನ್ನು ಓದಿ. ಡಾಟ್ 3 ಅಂತಿದ್ದರೆ 3 ಸಾಕು, 4 ಹಾಕಿದರೂ ನಡೆಯುತ್ತೆ. 4 ಅಂತಿದ್ದರೆ 3ಕ್ಕೆ ಇಳಿಯಬೇಡಿ. ನಾನು ಡಾಟ್ 4 ಹಾಕ್ತೀನಿ, ಹಳೇ ಪಿ.ಬಿ. ರಸ್ತೆಯ ಯಾವ ಸ್ಪೇರ್ ಅಂಗಡಿಯಲ್ಲಾದರೂ ಸಿಗುತ್ತೆ. ನನ್ನ ಕೇಳಿದರೆ ನಂಬರಿಗಿಂತ ಸೀಲ್ ಮುಖ್ಯ. ಮುಚ್ಚಳದ ಕೆಳಗಿನ ಹಾಳೆ ಒಡೆಯದ ಬಾಟಲಿ ಬೇಕು. ಕೌಂಟರ್ ಮೇಲೆ ಅರ್ಧ ಖಾಲಿಯಾಗಿ ನಿಂತಿರುತ್ತಲ್ಲ ದೊಡ್ಡ ಡಬ್ಬ, ಅದರಿಂದ ಸುರಿದು ಕೊಡ್ತೀನಿ ಅಂದರೆ ಬೇಡ ಅನ್ನಿ. ಲೀಟರ್ ಡಬ್ಬದ ಬದಲು ಅರ್ಧ ಲೀಟರಿನ ಎರಡು ತಗೊಳ್ಳಿ. ಒಂದು ಉಳಿದರೆ ಸೀಲ್ ಒಡೆಯದೆ ಉಳಿಯುತ್ತೆ. ಒಡೆದದ್ದು ಮಿಕ್ಕಿದರೆ ಮುಂದಿನ ಸಲಕ್ಕೆ ಅಂತ ಅಟ್ಟದ ಮೇಲೆ ಇಡಬೇಡಿ.

ಕೆಲಸಕ್ಕೆ ಇಳಿಯೋ ಮುಂಚೆ ಒಂದು ಪರೀಕ್ಷೆ. ಎಂಜಿನ್ ಚಾಲೂ ಇಟ್ಟು ಪೆಡಲ್ ಮೇಲೆ ಒಂದೇ ಸಮ ಒತ್ತಡ ಹಾಕಿ ಅರ್ಧ ನಿಮಿಷ ಹಿಡಿದುಕೊಳ್ಳಿ. ನಿಧಾನಕ್ಕೆ ಕೆಳಗೆ ಇಳೀತಾ ಹೋದರೆ ಅದು ಏರ್ ಅಲ್ಲ. ಹೊರಗೆಲ್ಲೋ ಸೋರ್ತಿದೆ, ಇಲ್ಲ ಮಾಸ್ಟರ್ ಸಿಲಿಂಡರ್ (ಪೆಡಲಿನ ಒತ್ತಡವನ್ನು ಆಯಿಲಿಗೆ ಕೊಡುವ ಭಾಗ) ಒಳಗಿನ ರಬ್ಬರ್ ಸೀಲ್ ಸೋತಿದೆ. ಆಗ ಎಷ್ಟು ಬ್ಲೀಡ್ ಮಾಡಿದರೂ, ಅಂದರೆ ಏರ್ ಹೊರಗೆ ತೆಗೆದರೂ, ಪ್ರಯೋಜನ ಇಲ್ಲ, ಗ್ಯಾರೇಜಿಗೇ ಹೋಗಿ. ಬದಲಿಗೆ ಮೊದಲ ಸಲ ಮೆತ್ತಗೆ, ಎರಡು ಮೂರು ಸಲ ಪಂಪ್ ಮಾಡಿದ ಮೇಲೆ ಗಟ್ಟಿ ಅಂದರೆ ಏರ್ ಇರುವ ಸಾಧ್ಯತೆ ಹೆಚ್ಚು. ಆಯಿಲ್ ಮಟ್ಟ ಮಾತ್ರ ಸ್ವಲ್ಪ ಇಳಿದಿದ್ದು ಎಲ್ಲೂ ಸೋರಿಕೆ ಕಾಣದಿದ್ದರೆ ಪ್ಯಾಡ್ ಸವೆದಿರುತ್ತೆ. ಮೇಲೆ ತುಂಬಿಸಬೇಡಿ, ಹೊಸ ಪ್ಯಾಡ್ ಹಾಕುವಾಗ ಉಕ್ಕಿ ಪೇಂಟ್ ಮೇಲೆ ಬೀಳುತ್ತೆ. ಈ ದ್ರವ ಪೇಂಟನ್ನು ತಿಂದುಹಾಕುತ್ತೆ. ಬಿದ್ದರೆ ಒರೆಸೋಕೆ ಹೋಗದೆ ತಕ್ಷಣ ನೀರು ಸುರಿಯಿರಿ, ನೀರಿನಲ್ಲಿ ಕರಗಿ ಹೋಗುತ್ತೆ.

ಹಿಂದಿನ ರಾತ್ರಿ ನಾಲ್ಕೂ ಚಕ್ರದ ನಿಪ್ಪಲ್ಲಿಗೆ (ಹಳೇ ಆಯಿಲ್, ಏರ್ ಹೊರಗೆ ಬಿಡುವ ತೂತಿನ ಸ್ಕ್ರೂ) ತುಕ್ಕು ಬಿಡಿಸೋ ಸ್ಪ್ರೇ ಹೊಡೆದಿಡಿ. ನಾನು ಇದನ್ನು ಮಾಡದೆ, ತೆರೆದ ಬಾಯಿಯ ಪಾನ ಹಾಕಿ ತಿರುಗಿಸಿ, ಹಿಂದಿನ ಎಡ ಚಕ್ರದ ನಿಪ್ಪಲ್ ಮೂಲೆ ಸವೆಸಿ, ಕೊನೆಗೆ ಮುರಿದೇ ಹಾಕಿದೆ. ಆ ನಿಪ್ಪಲ್ ಕೂರುವ ವೀಲ್ ಸಿಲಿಂಡರನ್ನೇ ಹೊಸದು ಹಾಕಿಸಬೇಕಾಯ್ತು. ರಿಂಗ್ ಪಾನವೇ ಬೇಕು, ಸಾಮಾನ್ಯವಾಗಿ 8 ಅಥವಾ 10 ನಂಬರ್. ಜೊತೆಗೆ ಮೀನಿನ ತೊಟ್ಟಿಗೆ ಹಾಕೋ ಪಾರದರ್ಶಕ ಟ್ಯೂಬ್ ಎರಡು ಅಡಿ, ಮೆಡಿಕಲ್ ಶಾಪಿನ ದೊಡ್ಡ ಸಿರಿಂಜ್, ಒಂದು ಹಳೇ ಬಾಟಲಿ. ಜಾಕ್ ಒಂದನ್ನೇ ನಂಬಿ ಕಾರಿನ ಕೆಳಗೆ ತಲೆ ಹಾಕಬೇಡಿ. ಎತ್ತಿದ ಕಾರಿನ ಭಾರ ಹೊರುವ ಜಾಕ್ ಸ್ಟ್ಯಾಂಡ್ ಇಲ್ಲದೆ ಕೆಳಗೆ ಹೋಗೋದೇ ಬೇಡ, ಬಿಚ್ಚಿದ ಚಕ್ರವನ್ನೂ ಬಾಗಿಲಿನ ಕೆಳಗೆ ಮಲಗಿಸಿಡಿ. ಉಳಿದ ಚಕ್ರಗಳಿಗೆ ಕಲ್ಲು.

ಮೊದಲು ಸಿರಿಂಜಿನಿಂದ ರಿಸರ್ವಾಯರಿನ ಹಳೇ ಆಯಿಲ್ ಎಳೆದು ತೆಗೆದು ಹೊಸದು ತುಂಬಿ. ತಳದವರೆಗೂ ಖಾಲಿ ಮಾಡಬೇಡಿ, ಮಾಸ್ಟರ್ ಸಿಲಿಂಡರಿಗೇ ಗಾಳಿ ಹೋಗುತ್ತೆ. ಹಳೇದು ಇರುವಾಗಲೇ ಪಂಪ್ ಮಾಡಿದರೆ ಆ ಕಷಾಯವನ್ನೇ ಪೈಪಿನ ಉದ್ದಕ್ಕೂ ಮೆರವಣಿಗೆ ಮಾಡಿಸಿದ ಹಾಗೆ. ಆಮೇಲೆ ಮಾಸ್ಟರ್ ಸಿಲಿಂಡರಿನಿಂದ ಅತಿ ದೂರದ ಚಕ್ರದಿಂದ ಶುರು. ನಮ್ಮಲ್ಲಿ ಸ್ಟೇರಿಂಗ್ ಬಲಕ್ಕೆ, ಸಿಲಿಂಡರೂ ಸಾಮಾನ್ಯವಾಗಿ ಬಲಕ್ಕೇ. ಹಾಗಾಗಿ ಹಿಂದಿನ ಎಡ, ಹಿಂದಿನ ಬಲ, ಮುಂದಿನ ಎಡ, ಕೊನೆಗೆ ಮುಂದಿನ ಬಲ. ಕೆಲವು ಕಾರುಗಳಲ್ಲಿ ಮೂಲೆಯಿಂದ ಮೂಲೆಗೆ ಹೇಳಿರುತ್ತಾರೆ, ನಿಮ್ಮ ಕಾರಿನ ಸರ್ವಿಸ್ ಪುಸ್ತಕ ಹೇಳಿದ್ದೇ ಅಂತಿಮ.

ಇನ್ನು ಅಸಲಿ ಕೆಲಸ. ಇದಕ್ಕೆ ಇಬ್ಬರು ಬೇಕು, ಇಬ್ಬರಿಗೂ ಒಂದೇ ಭಾಷೆ ಬೇಕು. ಮೊದಲ ಸಲ ನನ್ನ ಹೆಂಡತಿ ಸೀಟಿನಲ್ಲಿ ಕೂತಿದ್ದಳು, ನಾನು ಹಿಂದಿನ ಚಕ್ರದ ಹತ್ತಿರ ನೆಲಕ್ಕೆ ಅಂಟಿಕೊಂಡಿದ್ದೆ. "ಒತ್ತು" ಅಂದೆ, ಒತ್ತಿದಳು. ನಿಪ್ಪಲ್ ಸಡಿಲ ಮಾಡ್ತಾ "ಬಿಡ್ತಾ ಇದೀನಿ" ಅಂದೆ. ಅವಳಿಗೆ ಕೇಳಿಸಿದ್ದು "ಬಿಡು". ಪೆಡಲ್ ಬಿಟ್ಟಳು. ಟ್ಯೂಬಿನ ತುದಿ ಖಾಲಿ ಬಾಟಲಿಯಲ್ಲಿ ಗಾಳಿಯಲ್ಲೇ ತೂಗಾಡ್ತಿತ್ತು, ಬುಸ್ ಅಂತ ಒಳಗೆ ಗಾಳಿ ಎಳೆದುಕೊಂಡಿತು. ಹೀಗೇ ಹತ್ತು ಸಲ. ಕೊನೆಗೆ ಪೆಡಲ್ ಮುಂಚೆ ಇದ್ದದ್ದಕ್ಕಿಂತ ಹಾಳು. "ನೀವೇ ಬಿಡು ಅಂದ್ರಿ, ಬಿಟ್ಟೆ, ಈಗ ನನ್ ಮೇಲೆ ಯಾಕ್ರೀ ಸಿಟ್ಟು?" ಅಂದಳು. ನ್ಯಾಯವಾದ ಮಾತು. ಅವತ್ತಿನಿಂದ ನಮ್ಮನೆಯಲ್ಲಿ ಬ್ರೇಕ್ ಕೆಲಸದ ಹೊತ್ತಿಗೆ "ಬಿಡು" ಅನ್ನೋ ಪದಕ್ಕೆ ನಿಷೇಧ.

ಈಗ ನಡೆಯೋದು ಹೀಗೆ. ಎಂಜಿನ್ ಆಫ್. ಟ್ಯೂಬಿನ ಒಂದು ತುದಿ ನಿಪ್ಪಲ್ಲಿಗೆ ಬಿಗಿಯಾಗಿ, ಇನ್ನೊಂದು ಬಾಟಲಿಯ ತಳದಲ್ಲಿ, ಎರಡು ಬೆರಳಷ್ಟು ಎತ್ತರದ ಹೊಸ ಆಯಿಲಿನಲ್ಲಿ ಮುಳುಗಿ. ಅವಳು ಮೂರು ಸಲ ನಿಧಾನಕ್ಕೆ ಪಂಪ್ ಮಾಡಿ, ಒತ್ತಿ ಹಿಡಿದು "ಒತ್ತಿದೀನಿ" ಅಂತಾಳೆ. ಅವಳು ಹೇಳೋವರೆಗೂ ನಾನು ಪಾನ ಮುಟ್ಟಲ್ಲ. ನಿಪ್ಪಲ್ ಕಾಲು ಸುತ್ತು ಸಡಿಲ. ಪೆಡಲ್ ಕೆಳಗೆ ಹೋಗುತ್ತೆ, ಅವಳ ಕಾಲೂ ಜೊತೆಗೇ ಹೋಗಿ ಅಲ್ಲೇ ನಿಲ್ಲಬೇಕು. ನಾನು ಬಿಗಿ ಮಾಡಿ "ಎತ್ತು" ಅಂದ ಮೇಲೆಯೇ ಕಾಲು ಮೇಲೆ. ಟ್ಯೂಬಿನಲ್ಲಿ ಮೊದಲು ಕಷಾಯದ ಬಣ್ಣ, ನಡುನಡುವೆ ಸಾಬುದಾನಿಯಂಥ ಗುಳ್ಳೆ, ಆಮೇಲೆ ನಿಧಾನಕ್ಕೆ ತೆಳು ಜೇನುತುಪ್ಪದ ಬಣ್ಣ. ಗುಳ್ಳೆ ನಿಂತು ಬಣ್ಣ ತಿಳಿಯಾದ ಮೇಲೂ ಎರಡು ಸಲ ಹೆಚ್ಚಿಗೆ. ಪ್ರತಿ ಐದು ಒತ್ತಿಗೊಮ್ಮೆ ಎದ್ದು ಹೋಗಿ ರಿಸರ್ವಾಯರ್ ನೋಡಿ ತುಂಬಿಸಲೇಬೇಕು. ಅದು ಬರಿದಾದರೆ ಮಾಡಿದ್ದೆಲ್ಲ ನೀರಲ್ಲಿ ಹೋಮ ಮಾಡಿದ ಹಾಗೆ. ಎಬಿಎಸ್ ಇದ್ದ ಕಾರಿನಲ್ಲಿ ಆ ಘಟಕದೊಳಗೆ ಗಾಳಿ ಹೊಕ್ಕರೆ ಸ್ಕ್ಯಾನರ್ ಹಚ್ಚಿ ಮೋಟಾರ್ ಓಡಿಸಿಯೇ ತೆಗೆಯಬೇಕಾಗಬಹುದು, ಮನೆಯಲ್ಲಿ ಆಗಲ್ಲ.

ಹತ್ತು ವರ್ಷದ ಕಾರು ಅಂದಿರಿ, ಅದಕ್ಕೊಂದು ಮಾತು. ಪೆಡಲ್ ಕೆಳಗೆ ಒಂದು ಮರದ ತುಂಡು ಇಡಿ, ತೀರಾ ನೆಲಕ್ಕೆ ತಾಗದ ಹಾಗೆ. ಮಾಸ್ಟರ್ ಸಿಲಿಂಡರಿನಲ್ಲಿ ದಿನನಿತ್ಯ ಪಿಸ್ಟನ್ ಓಡಾಡದ ಜಾಗದಲ್ಲಿ ತುಕ್ಕು, ಜಿಡ್ಡು ಕೂತಿರುತ್ತೆ. ಪೂರ್ತಿ ಒತ್ತಿದರೆ ಸೀಲ್ ಅಲ್ಲಿಗೆ ಹೋಗಿ ಹರಿಯಬಹುದು. ಬ್ಲೀಡ್ ಮಾಡಿದ ಮಾರನೇ ದಿನ ಮಾಸ್ಟರ್ ಸಿಲಿಂಡರ್ ಹೋಯ್ತು ಅಂತ ಗೋಳಾಡುವವರಲ್ಲಿ ಕೆಲವರ ಕಥೆ ಇದೇ.

ಜೊತೆಗೆ ಯಾರೂ ಇಲ್ಲದಿದ್ದರೆ ರಿಸರ್ವಾಯರ್ ಮುಚ್ಚಳ ಸಡಿಲಿಸಿ, ನಿಪ್ಪಲ್ ತೆರೆದು, ತನ್ನಷ್ಟಕ್ಕೆ ತೊಟ್ಟಿಕ್ಕಲು ಬಿಡಬಹುದು. ಬಹಳ ನಿಧಾನ. ನನಗೆ ಆ ತಾಳ್ಮೆ ಇಲ್ಲ.

ಮುಗಿದ ಮೇಲೆ ನಿಪ್ಪಲ್ಲಿಗೆ ಮಣಿಕಟ್ಟಿನ ಬಲ ಸಾಕು, ತೋಳಿನ ಬಲ ಹಾಕಿದರೆ ಮುರಿಯುತ್ತೆ. ರಬ್ಬರ್ ಟೊಪ್ಪಿ ಮರೆಯದೆ ಹಾಕಿ. ಎಂಜಿನ್ ಚಾಲೂ ಮಾಡಿದಾಗ ಪೆಡಲ್ ಒಂದಿಷ್ಟು ಕೆಳಗೆ ಜಾರುತ್ತೆ, ಅದು ಕಾಲಿನ ಬಲಕ್ಕೆ ಬಲ ಸೇರಿಸುವ ಬೂಸ್ಟರಿನ ಕೆಲಸ, ಗಾಬರಿ ಬೇಡ. ಹಳೇ ಆಯಿಲ್ ವಿಷ, ಚರಂಡಿಗೂ ಬೇಡ, ಗಿಡದ ಬುಡಕ್ಕೂ ಬೇಡ. ಕುಡಿಯೋ ನೀರಿನ ಬಾಟಲಿಯಲ್ಲಿ ತುಂಬಿ ಮೂಲೆಯಲ್ಲಿ ಇಟ್ಟರೆ ಮಕ್ಕಳ ಕೈಗೆ ಸಿಗುತ್ತೆ. ಹಳೇ ಎಂಜಿನ್ ಆಯಿಲ್ ಕೂಡಿಡುವ ಗ್ಯಾರೇಜಿನವರಿಗೆ, ಇದು ಬ್ರೇಕ್ ಆಯಿಲ್ ಅಂತ ಹೇಳಿಯೇ ಕೊಡಿ.

ಅವತ್ತು ರಾತ್ರಿ ನಾಲ್ಕೂ ಚಕ್ರದ ಕೆಳಗೆ ಒಂದೊಂದು ಹಳೇ ಪೇಪರ್ ಹಾಸಿಡಿ. ಬೆಳಿಗ್ಗೆ ಒಂದು ಹನಿ ಕಲೆಯೂ ಇಲ್ಲದಿದ್ದರೆ ಗೇಟಿನೊಳಗೇ ಎರಡು ಸಲ ಬ್ರೇಕ್ ಹಿಡಿದು ನೋಡಿ, ಆಮೇಲೆ ಖಾಲಿ ರಸ್ತೆಗೆ. ನಾನು ಬೆಳಿಗ್ಗೆ ಆರಕ್ಕೆ ಕುಂದುವಾಡ ಕೆರೆ ಕಡೆ ಹೋಗ್ತೀನಿ, ಇಪ್ಪತ್ತರ ವೇಗದಲ್ಲಿ. ಬರುವಾಗ ರಿಸರ್ವಾಯರ್ ಮೇಲೆ ಬಿಳಿ ಟೇಪ್ ಹಚ್ಚಿ ತಿಂಗಳು, ವರ್ಷ ಬರೀತೀನಿ. ಎರಡು ವರ್ಷ ಕಳೆದ ಮೇಲೆ ಯಾವಾಗ ಬದಲಿಸಿದ್ದು ಅಂತ ನಿಮ್ಮ ಹಾಗೆ ತಲೆ ಕೆರೆದುಕೊಳ್ಳೋದು ಬೇಡ ನೋಡಿ.