ಮೊದಲು ಸೀಟು, ಆಮೇಲೆ ಸಿನಿಮಾ

ಮಗಳಿಗೆ ನಾಲ್ಕು ವರ್ಷ, ರಜೆಯಲ್ಲಿ ಅನಿಮೇಷನ್ ಸಿನಿಮಾ ತೋರಿಸಬೇಕು, 'ಯು' ಸರ್ಟಿಫಿಕೇಟ್ ಇದ್ದರೆ ಸಾಕಾ ಅಂತ ಕೇಳಿದ್ದೀರಿ. ಓದಿದ ಕೂಡಲೇ ನನಗೆ 2019ರ ಜುಲೈ ನೆನಪಾಯಿತು. ಆಗ ನನ್ನ ಮಗಳಿಗೂ ನಾಲ್ಕೇ. ನಾನೂ ಇದೇ ಪ್ರಶ್ನೆಯನ್ನ ಅಂಗಡಿಗೆ ಬರುವ ಗೆಳೆಯನಿಗೆ ಕೇಳಿದ್ದೆ. ಅವನು 'ಏ, ಪ್ರಾಣಿಗಳ ಸಿನಿಮಾ, ಅದರಾಗ ಏನ್ ಇರ್ತದಪಾ' ಅಂದ. ಅಷ್ಟು ಸಾಕಾಯಿತು ನನಗೆ. ಏಳು ಟಿಕೆಟ್ ಬುಕ್ ಮಾಡಿದೆ.

ನಮ್ಮದು ವಿಜಯಪುರ. ನನ್ನದು ಬೀಜ, ಗೊಬ್ಬರದ ಅಂಗಡಿ. ಜುಲೈ ಅಂದರೆ ಮುಂಗಾರಿನ ಗದ್ದಲ, ಸಿನಿಮಾ ಅಂದರೆ ರವಿವಾರ ಮಾತ್ರ. ಆಗ 'ದಿ ಲಯನ್ ಕಿಂಗ್' ಹೊಸದಾಗಿ ಬಂದಿತ್ತು, ಹಿಂದಿಯಲ್ಲಿ ಮರಿ ಸಿಂಹದ ಅಪ್ಪ ಮುಫಾಸಾಗೆ ಶಾರುಖ್ ಖಾನ್ ದನಿ. 1994ರ ಹಳೇದನ್ನ ನಾನು ಶಾಲೆಯಲ್ಲಿದ್ದಾಗ ಕೇಬಲ್‌ನಲ್ಲಿ ನೋಡಿದ್ದೆ. ಹಾಗಾಗಿ ನನಗೆ ಕಥೆ ಗೊತ್ತು ಅನ್ನೋ ಧೈರ್ಯ. ನಿಜ ಹೇಳಬೇಕಂದ್ರೆ ನನ್ನ ತಲೆಯಲ್ಲಿ ಉಳಿದಿದ್ದು ಆ ಕಾಡುಹಂದಿ ಮತ್ತು ಒಂದು ಹಾಡು, ಅಷ್ಟೇ. ಅಪ್ಪ ಸಾಯುವುದು ಪೂರ್ತಿ ಮರೆತೇ ಹೋಗಿತ್ತು. ಅಪ್ಪನಾದವನೇ ಅದನ್ನ ಮರೆತಿದ್ದೆ ನೋಡಿ.

ಹೋಗುವ ಮುಂಚೆ ನಾನೇನೂ ನೋಡಲಿಲ್ಲ ಅಂತಲ್ಲ. ಬಡಿದಾಟ ಎಷ್ಟಿದೆ, ರಕ್ತ ಇದೆಯಾ, ಕೆಟ್ಟ ಮಾತು ಇದೆಯಾ ಅಂತ ವಿಚಾರಿಸಿದ್ದೆ. ನಾವೆಲ್ಲ ಕೇಳೋದು ಇವೇ ಅಲ್ವಾ. ಅಪ್ಪನೋ ಅಮ್ಮನೋ ಸಾಯ್ತಾರಾ, ಮಗು ಒಂಟಿಯಾಗುತ್ತಾ ಅಂತ ಯಾರೂ ಕೇಳಲ್ಲ. ನಾಲ್ಕು ವರ್ಷದವರಿಗೆ ರಕ್ತಕ್ಕಿಂತ ದೊಡ್ಡ ಭಯ ಅದೇ.

ಆದರೆ ನನ್ನ ತಪ್ಪು ಅದೂ ಅಲ್ಲ. ನಿಜವಾದ ತಪ್ಪು ಸೀಟು.

ಇದನ್ನ ಸ್ವಲ್ಪ ಬಿಡಿಸಿ ಹೇಳ್ತೀನಿ, ಬೇಜಾರು ಮಾಡ್ಕೋಬೇಡಿ. ಪರದೆ ನೇರ ಕಾಣಲಿ ಅಂತ ಹಿಂದಿನಿಂದ ಮೂರನೇ ಸಾಲಿನಲ್ಲಿ ಸರಿಯಾಗಿ ನಡುವಿನ ಏಳು ಸೀಟು ತೆಗೆದಿದ್ದೆ. ಆ ಕಡೆ ಎಂಟು ಜನ, ಈ ಕಡೆ ಎಂಟು ಜನ. ಎಲ್ಲರ ತೊಡೆ ಮೇಲೂ ಒಂದು ಮಗುವೋ, ಪಾಪ್‌ಕಾರ್ನ್ ಡಬ್ಬಿಯೋ. ನನ್ನ ಎಡಕ್ಕೆ ಮಗಳು, ಅವಳ ಆಚೆ ಹೆಂಡತಿ, ಬಲಕ್ಕೆ ಅಣ್ಣನ ಮಗ, ಒಂಬತ್ತು ವರ್ಷದವನು, ಬಾಯಿ ತೆರೆದು ನೋಡ್ತಾ ಕೂತಿದ್ದಾನೆ. ಪರದೆ ಮೇಲೆ ಕಾಡೆಮ್ಮೆಗಳಂಥ ಪ್ರಾಣಿಗಳ ಹಿಂಡು ಕಣಿವೆಗೆ ನುಗ್ಗುತ್ತೆ. ಸೀಟು ನಡುಗುವಷ್ಟು ಸದ್ದು. ಮಗಳು ನನ್ನ ಅಂಗಿ ಜಗ್ಗಿದಳು. ಅಳಲಿಲ್ಲ, ಕೂಗಲಿಲ್ಲ. 'ಅಪ್ಪಾ, ಮನೀಗೆ ಹೋಗೂಣು' ಅಂದಳು, ಮೆಲ್ಲಗೆ.

'ಸುಮ್ಮ ಕೂಡು, ಈಗ ಹಾಡು ಬರ್ತದ' ಅಂದೆ.

ಹಾಗೆ ಯಾಕೆ ಅಂದೆ ಅಂತ ನಾನು ಎಷ್ಟೋ ಸಲ ಯೋಚಿಸಿದ್ದೀನಿ. ಏಳು ಟಿಕೆಟಿನ ದುಡ್ಡು ಅಂತಲ್ಲ, ಅದೂ ಸ್ವಲ್ಪ ಇತ್ತು ಅನ್ನಿ. ಎಂಟು ಜನರ ಮೊಣಕಾಲು ದಾಟಿ, ಕತ್ತಲಲ್ಲಿ, 'ಸ್ವಲ್ಪ ಸರೀರಿ' ಅಂತ ಹೋಗಬೇಕಲ್ಲ, ಆ ಸಂಕೋಚ. ಅಣ್ಣನ ಮಗನ ಖುಷಿ ಕೆಡಿಸಬಾರದು ಅನ್ನೋದು ಒಂದು. ಹಾಡು ಬಂದರೆ ನಗ್ತಾಳೆ ಅನ್ನೋ ನಂಬಿಕೆ ಇನ್ನೊಂದು. ತುದಿ ಸೀಟಿನಲ್ಲಿ ಇದ್ದಿದ್ದರೆ ಇದ್ಯಾವುದೂ ಲೆಕ್ಕಕ್ಕೆ ಬರ್ತಿರಲಿಲ್ಲ. ಸುಮ್ನೆ ಎತ್ತಿಕೊಂಡು ಎರಡು ಹೆಜ್ಜೆ ಹಾಕಿದ್ದರೆ ಹೊರಗೆ.

ಅವಳು ಎರಡನೇ ಸಲ ಕೇಳಿದಳು. ನಾನು 'ಇದು ಬರೀ ಕಾರ್ಟೂನು, ಖರೇ ಅಲ್ಲ' ಅಂದೆ. ಇದೂ ಶುದ್ಧ ದಡ್ಡತನ. ಹಳೇ ಸಿನಿಮಾ ಕೈಯಲ್ಲಿ ಬರೆದ ಚಿತ್ರ, ಸಿಂಹ ನೋಡಿದರೆ ಚಿತ್ರ ಅಂತ ಗೊತ್ತಾಗುತ್ತೆ. 2019ರದ್ದು ಕಂಪ್ಯೂಟರಿನಲ್ಲಿ ಮಾಡಿದ್ದಾದರೂ ಕೂದಲು ಕೂದಲೂ ನಿಜವಾದ ಸಿಂಹದ ಹಾಗೇ ಕಾಣುತ್ತೆ. ಕಣ್ಣೆದುರು ನಿಜವಾದ ಸಿಂಹ ಬಿದ್ದಿದೆ, ಅಪ್ಪ ಮಾತ್ರ ಖರೇ ಅಲ್ಲ ಅಂತಾನೆ. ಮಗು ಯಾರನ್ನ ನಂಬಬೇಕು? ಪರದೆ ಮೇಲೆ ಮರಿ ಹೋಗಿ ಸತ್ತ ಅಪ್ಪನನ್ನ ಎಬ್ಬಿಸೋಕೆ ನೋಡುತ್ತೆ. ಆ ಹೊತ್ತಿಗೆ ನನ್ನ ಮಗಳು ಅವಳ ಅವ್ವನ ಸೆರಗಿನಲ್ಲಿ ಮುಖ ಮುಚ್ಚಿಕೊಂಡಿದ್ದಳು. ಕಣ್ಣು ಮುಚ್ಚಿದರೂ ಕಿವಿ ತೆರೆದೇ ಇತ್ತಲ್ಲ. ಎತ್ತಿ ತೊಡೆ ಮೇಲೆ ಕೂರಿಸಿಕೊಂಡೆ, ನನ್ನ ಪ್ಯಾಂಟು ಬಿಸಿಯಾಯಿತು. ಉಚ್ಚೆ ಹೊಯ್ದುಕೊಂಡಿದ್ದಳು, ಡೈಪರ್ ಬಿಟ್ಟು ಎರಡು ವರ್ಷ ಆಗಿದ್ದ ಹುಡುಗಿ. ಆಮೇಲೆ ನಾನು ಕಾದಿದ್ದ ಹಾಡೂ ಬಂತು. ಥಿಯೇಟರ್ ಪೂರ್ತಿ ನಗ್ತಿತ್ತು. ಅವಳು ತಲೆ ಎತ್ತಲೇ ಇಲ್ಲ.

ನಂತರದ ಮೂರು ನಾಲ್ಕು ವಾರ ಮನೆಯಲ್ಲಿ ಏನಾಯಿತು ಅಂದ್ರೆ, ಮಧ್ಯಾಹ್ನ ರೊಟ್ಟಿ ಉಂಡು ನಾನು ಚಾಪೆ ಮೇಲೆ ಅಡ್ಡಾಗ್ತಿದ್ದೆ. ಕಣ್ಣು ಹತ್ತಿತು ಅನ್ನೋಷ್ಟರಲ್ಲಿ ಬಂದು ಅಂಗಿ ಜಗ್ಗೋಳು. 'ಅಪ್ಪಾ ಏಳು.' ಎದ್ದೆ ಅಂದರೆ ಏನೂ ಕೆಲಸ ಇಲ್ಲ, ತಿರುಗಿ ಆಡೋಕೆ ಹೋಗೋಳು. ಐದು ನಿಮಿಷಕ್ಕೆ ಮತ್ತೆ. ಮೊದಮೊದಲು ನಾನು ಬೈದೆ. ಅವಳು ಏನು ಪರೀಕ್ಷೆ ಮಾಡ್ತಿದ್ದಾಳೆ ಅಂತ ಹೆಂಡತಿ ಹೇಳಿದ ಮೇಲೆಯೇ ನನಗೆ ಹೊಳೆದಿದ್ದು.

ಈಗ ನಿಮ್ಮ ಸರ್ಟಿಫಿಕೇಟ್ ವಿಷಯ. 'ಯು' ಅಂದರೆ ಯಾರನ್ನೂ ತಡೆಯಬೇಕಾಗಿಲ್ಲ ಅಂತ ಅರ್ಥ, ನಾಲ್ಕು ವರ್ಷದವರಿಗೆ ಅಂತ ಮಾಡಿದ್ದು ಅಂತಲ್ಲ. ಸಿನಿಮಾ ಕಾನೂನಿನ 2023ರ ತಿದ್ದುಪಡಿಯಲ್ಲಿ, ಅಪ್ಪ ಅಮ್ಮ ನೋಡಿಕೊಂಡು ತೋರಿಸಲಿ ಅನ್ನೋ 'ಯುಎ'ಯನ್ನ 7+, 13+, 16+ ಅಂತ ಮೂರು ಮಾಡಿದ್ದಾರೆ, ಒಳ್ಳೇದೇ. ಆದರೆ ಏಳರ ಕೆಳಗೆ ಬೇರೆ ಗೆರೆಯೇ ಇಲ್ಲ, ಎರಡು ವರ್ಷದ್ದೂ ಆರು ವರ್ಷದ್ದೂ ಒಂದೇ ಲೆಕ್ಕ. ಅದೂ ಅಪ್ಪ ಅಮ್ಮಂದಿರಿಗೆ ಸೂಚನೆ ಮಾತ್ರ, ತೀರ್ಮಾನ ನಮ್ಮದೇ. ಹಾಗಾಗಿ 'ಯಾವ ಸಿನಿಮಾ ಸರಿ' ಅನ್ನೋ ನಿಮ್ಮ ಪ್ರಶ್ನೆಯೇ ನನಗೆ ಸರಿ ಅನಿಸಲ್ಲ. ಒಂದು ಮಗು ಹಾವು ನೋಡಿ ನಗುತ್ತೆ, ಇನ್ನೊಂದು ಬಲೂನು ಒಡೆದರೆ ಮೂರು ದಿನ ಅಳುತ್ತೆ. ಪಟ್ಟಿ ಮಾಡಿ ಕೊಡೋಕೆ ಆಗಲ್ಲ ರೀ. ಎದ್ದು ಬರೋಕೆ ನೀವು ತಯಾರಿದ್ದೀರಾ, ಅದನ್ನ ನೋಡ್ಕೊಳ್ಳಿ.

ನಮ್ಮವ್ವ ಇದಕ್ಕೆ ಒಪ್ಪಲಿಲ್ಲ. 'ನೀವು ಸಣ್ಣವರಿದ್ದಾಗ ದೊಡ್ಡಾಟದಾಗ ರಾಕ್ಷಸರನ್ನ ನೋಡಲಿಲ್ಲೇನು, ಏನಾತು?' ಅಂದಳು. ನೋಡಿದ್ದೆ, ಹೌದು. ಆದರೆ ಅಲ್ಲಿ ಹೆದರಿಕೆ ಆದರೆ ಎದ್ದು ಮಿರ್ಚಿ ಭಜಿ ಅಂಗಡಿ ಕಡೆ ಓಡ್ತಿದ್ದೆವು. ನಿದ್ದೆ ಬಂದರೆ ಅಲ್ಲೇ ಕೌದಿ ಹೊದ್ದು ಮಲಗ್ತಿದ್ದೆವು. ಬೆಳಿಗ್ಗೆ ಅದೇ ರಾಕ್ಷಸ ಅರ್ಧ ಬಣ್ಣ ಒರೆಸಿಕೊಂಡು ಚಹಾ ಕುಡೀತಾ ಕಟ್ಟೆ ಮೇಲೆ ಕೂತಿರ್ತಿದ್ದ. ಬಾಗಿಲೇ ಇಲ್ಲದ ಥಿಯೇಟರ್ ಅದು.

ಭಯವೇ ಬೇಡ ಅಂತ ನಾನು ಹೇಳ್ತಿಲ್ಲ. ಒಂದು ವರ್ಷ ಬಿಟ್ಟು ಮನೆಯಲ್ಲಿ 'ಫೈಂಡಿಂಗ್ ನೀಮೋ' ಹಾಕಿದೆವು. ಅದರ ಶುರುವಿನಲ್ಲೇ ದೊಡ್ಡ ಮೀನು ಬಂದು ಮರಿ ಮೀನು ನೀಮೋನ ತಾಯಿಯನ್ನೂ ನಾನೂರಕ್ಕೂ ಹೆಚ್ಚು ಮೊಟ್ಟೆಗಳನ್ನೂ ಮುಗಿಸಿಬಿಡುತ್ತೆ. ಈ ಸಲ ನನಗೆ ಮೊದಲೇ ಗೊತ್ತಿತ್ತು, ಹೇಳಿಯೂ ಇದ್ದೆ. ಲೈಟು ಹಾಕಿತ್ತು, ರಿಮೋಟ್ ಅವಳ ಕೈಯಲ್ಲಿ. ನಿಲ್ಲಿಸಿದಳು. 'ಎಷ್ಟು ಉಳಿದವು?' ಅಂದಳು. 'ಒಂದು' ಅಂದೆ. ಯೋಚನೆ ಮಾಡಿದಳು, ನೀರು ಕುಡಿದು ಬಂದಳು, ತಾನೇ ಮುಂದೆ ಓಡಿಸಿದಳು. ಮೂರು ಸಲ ನೋಡಿದ್ದಾಳೆ ಆ ಸಿನಿಮಾ.

ಗೋಳಗುಮ್ಮಟದಲ್ಲೂ ಹಾಗೇ ಆಯಿತು. ಜೋರು ಸದ್ದು ಅಂದರೆ ಹೆದರ್ತಾಳೆ ಅಂತ ಅವಳನ್ನ ಮೇಲಿನ ಪಿಸುಮಾತಿನ ಗ್ಯಾಲರಿಗೆ ಕರೆದುಕೊಂಡು ಹೋಗೋಕೆ ನನಗೆ ಧೈರ್ಯವಿರಲಿಲ್ಲ. ಅಲ್ಲಿ ಒಂದು ಕೂಗು ಏಳೆಂಟು ಸಲ ತಿರುಗಿ ಬರುತ್ತೆ, ಮಂದಿ ಬೇರೆ ಕಿರುಚಾಡ್ತಿರ್ತಾರೆ. ಆದರೂ ಹೋದೆವು. ಅವಳು ಕಿವಿ ಮುಚ್ಚಿಕೊಂಡು ಒಳಗೆ ಬಂದಳು, ಸ್ವಲ್ಪ ಹೊತ್ತಿಗೆ ತಾನೇ ಒಂದು ಸಲ 'ಏ' ಅಂದಳು. ಆಮೇಲೆ ಅವಳನ್ನ ಕೆಳಗಿಳಿಸೋಕೆ ಅರ್ಧ ತಾಸು ಹಿಡೀತು.

ಗೊತ್ತಿರುವ ಕಥೆಯೂ ನಡೆಯುತ್ತೆ. 2025ರಲ್ಲಿ 'ಮಹಾವತಾರ್ ನರಸಿಂಹ' ಕನ್ನಡದಲ್ಲೂ ಬಂದಾಗ ನಮ್ಮ ಮಗನಿಗೆ ಐದು. ಕಡೆಗೆ ಏನಾಗುತ್ತೆ ಅಂತ ಗೊತ್ತಿದ್ದರಿಂದಲೇ ನಾನು ಬೇಡ ಅಂತಿದ್ದೆ. ಆದರೆ ಅಜ್ಜಿ ಪ್ರಹ್ಲಾದನ ಕಥೆಯನ್ನ ಅವನಿಗೆ ನೂರು ಸಲ ಹೇಳಿದ್ದಳು. ಕಂಬ ಒಡೆಯೋ ಹೊತ್ತಿಗೆ ಅವನೇ ಮುಂಚಿತವಾಗಿ ಕಿವಿ ಮುಚ್ಚಿಕೊಂಡ, ಮುಂದಿನ ಸಾಲಿನವರಿಗೂ 'ಈಗ ಬರ್ತಾನ, ಈಗ ಬರ್ತಾನ' ಅಂತ ಹೇಳಿ ಬೈಸಿಕೊಂಡ. ಹಾಗಂತ ದೇವರ ಕಥೆ ಅಂದರೆ ಎಲ್ಲ ಮಕ್ಕಳಿಗೂ ಸರಿ ಅಂತ ತಿಳೀಬೇಡಿ, ನಮ್ಮ ಪಕ್ಕದಲ್ಲಿದ್ದ ಒಂದು ಹುಡುಗಿ ಅರ್ಧಕ್ಕೇ ಎದ್ದು ಹೋದಳು. ಅವಳ ಅಪ್ಪ ಎತ್ತಿಕೊಂಡು ಹೊರಟಾಗ ನಾನು ಕಾಲು ಮಡಚಿ ಬೇಗ ದಾರಿ ಬಿಟ್ಟೆ.

ನೀವು ಹೋಗೋದಾದರೆ ಒಂದೆರಡು ಮಾತು. ಹತ್ತು ನಿಮಿಷ ತಡವಾಗಿಯೇ ಒಳಗೆ ಹೋಗಿ. ಸಿನಿಮಾಕ್ಕಿಂತ ಮುಂಚೆ ಹಾಕುವ ಬೇರೆ ಸಿನಿಮಾಗಳ ಟ್ರೇಲರ್‌ಗಳೇ ಕೆಲವು ಸಲ ಜಾಸ್ತಿ ಹೆದರಿಸುತ್ತವೆ. ಬೇಸಿಗೆ ಅಂತ ತೆಳು ಅಂಗಿ ಹಾಕಿ ಕರೆದೊಯ್ಯಬೇಡಿ, ಒಳಗೆ ಎಸಿ ಕೊರೆಯುತ್ತೆ. ಕಥೆಯನ್ನ ಮನೆಯಲ್ಲೇ ಹೇಳಿಬಿಡಿ, ಯಾರು ಸಾಯ್ತಾರೆ ಅನ್ನೋದನ್ನೂ ಸೇರಿಸಿ. ಮಜಾ ಹೋಗುತ್ತೆ ಅಂತಾರೆ ದೊಡ್ಡವರು, ಮಕ್ಕಳಿಗೆ ಹೋಗಲ್ಲ. ಮಗು ಮೊದಲನೇ ಸಲ 'ಹೋಗೂಣು' ಅಂದಾಗಲೇ ಏಳಿ, ಎರಡನೇ ಸಲಕ್ಕೆ ಕಾಯಬೇಡಿ. ಹೊರಗೆ ಹೋಗಿ ನೀರು ಕುಡಿಸಿ, ಮತ್ತೆ ಬರೋಣ ಅಂದರೆ ಬನ್ನಿ, ಇಲ್ಲ ಅಂದರೆ ಗಿರಮಿಟ್ ತಿಂದು ಮನೆಗೆ ಹೋಗಿ.

ಮಗಳಿಗೆ ಆ ದಿನದ ಸಿನಿಮಾ ಈಗ ಸರಿಯಾಗಿ ನೆನಪಿಲ್ಲ. ನಾನು ಫೋನಿನಲ್ಲಿ ಟಿಕೆಟ್ ತೆಗೆಯೋಕೆ ಕೂತರೆ ಪಕ್ಕಕ್ಕೆ ಬಂದು, ಯಾವ ಸಿನಿಮಾ ಅಂತಲೂ ಕೇಳದೆ, ಸೀಟಿನ ನಕ್ಷೆಯ ತುದಿಗೆ ಬೆರಳು ಇಡ್ತಾಳೆ.